ಗುಳ್ಳೆಯಿಲ್ಲದ ಸೂರ್ಯ

ಸೈಬರ್‌ಜಯಾ
ಮಲೇಷ್ಯಾ
11 ಜನವರಿ 2025

ದೊಡ್ಡಮ್ಮನಿಗೆ ಭುವನ್ ಮಾಡುವ ನಮಸ್ಕಾರ.

ಒಂದೂವರೆ ವರ್ಷದಿಂದ ನಿಮ್ಮಿಂದ ಮುಚ್ಚಿಟ್ಟದ್ದನ್ನು ಮೊದಲೇ ಹೇಳಿಬಿಡುತ್ತೇನೆ. ನನಗೆ ಟೈಫಾಯ್ಡ್ ಆಗಿರಲಿಲ್ಲ. ಅದು ಅಮ್ಮ ಕಟ್ಟಿದ ಕಥೆ. ಆಮೇಲೆ ‘ಆನ್‌ಲೈನ್‌ನಲ್ಲಿ ಓದುತ್ತಿದ್ದಾನೆ’ ಅಂದದ್ದು ಅಪ್ಪ ಕಟ್ಟಿದ ಕಥೆ. ಎರಡಕ್ಕೂ ನಾನು ಸುಮ್ಮನಿದ್ದೆ, ಹಾಗಾಗಿ ಎರಡರಲ್ಲೂ ನನ್ನ ಪಾಲಿದೆ. ನಾನು ಶಾಲೆ ಬಿಟ್ಟಿದ್ದೇನೆ.

ಆದದ್ದು ಇಷ್ಟು. ಕ್ರೀಡಾದಿನದ ಹಿಂದಿನ ದಿನ ನಿಲಾಯ್‌ನ ನಮ್ಮ ಶಾಲೆಯ ಸಭಾಂಗಣದ ಗೋಡೆಯ ಮೇಲೆ ನಾನು ಕೆಂಪು ಬಣ್ಣದಲ್ಲಿ ಒಂದು ಸೂರ್ಯ ಬರೆದೆ. ಸುತ್ತ ಹದಿನಾರು ಕಿರಣ. ಯುದ್ಧಕಾಲದಲ್ಲಿ ಜಪಾನಿನ ಸೈನ್ಯ ಈ ದೇಶಕ್ಕೆ ಹಿಡಿದುಕೊಂಡು ಬಂದ ಧ್ವಜ ಅದು. ನಮ್ಮ ಗುಂಪಿನ ಐವರ ಬೈಕುಗಳ ಮೇಲೂ ಅದೇ ಸ್ಟಿಕರ್ ಇತ್ತು. ಮರುದಿನ ಬೆಳಿಗ್ಗೆ ಇತಿಹಾಸದ ಮಿಸ್ ಒಳಗೆ ಬಂದರು. ಅವರು ಇಪೋ ಊರಿನ ಚೀನೀ ಹೆಂಗಸು. ಗೋಡೆ ನೋಡಿದರು. ಬೈಯಲಿಲ್ಲ. ಮುಂದಿನ ಸಾಲಿನ ಕುರ್ಚಿಯಲ್ಲಿ ಕೂತು ಚೀಲವನ್ನು ತೊಡೆಯ ಮೇಲಿಟ್ಟುಕೊಂಡರು, ಬಸ್ಸಿಗೆ ಕಾಯುವವರ ಹಾಗೆ. ಗಂಟೆ ಹೊಡೆದ ಮೇಲೂ ಏಳಲಿಲ್ಲ.

ಕ್ಷಮಾಪಣೆ ಪತ್ರ ಬರೆದುಕೊಟ್ಟರೆ ಮುಗಿಯಿತು ಎಂದರು ಪ್ರಿನ್ಸಿಪಾಲ್. ಉಳಿದ ನಾಲ್ವರು ಒಬ್ಬರದ್ದೊಬ್ಬರು ನೋಡಿಕೊಂಡು ಐದು ನಿಮಿಷದಲ್ಲಿ ಬರೆದರು. ನಿಮಗೆ ಗೊತ್ತಲ್ಲ, ಮಣಿಪಾಲದ ಡಾಕ್ಟರರ ಮಗ ಅನೀಶ, ಅವನೂ ಬರೆದ. ನನಗೆ ತಪ್ಪು ಅನ್ನಿಸಿರಲಿಲ್ಲ. ಅನ್ನಿಸದೆ ‘ಕ್ಷಮಿಸಿ’ ಎಂದು ಬರೆಯಲಾರೆ ಅಂದೆ. ಬರೆಯುವ ತನಕ ತರಗತಿಗೆ ಬರಬೇಡ ಅಂದರು. ನಾನು ಹೋಗಲೇ ಇಲ್ಲ. ಆ ಪತ್ರ ಇವತ್ತಿಗೂ ಬರೆದಿಲ್ಲ.

ಆ ಧ್ವಜ ಯಾಕೆ ಇಷ್ಟ ಎಂದು ನೀವು ಕೇಳುತ್ತೀರಿ. ಗೊತ್ತಿಲ್ಲದೆ ಹಾಕಿಕೊಂಡೆ ಎಂದು ಹೇಳಿದರೆ ಸುಳ್ಳಾಗುತ್ತದೆ. ಯಾರ ಧ್ವಜ ಎಂದು ಗೊತ್ತಿತ್ತು, ದೊಡ್ಡವರಿಗೆ ಅದು ಆಗದು ಎಂದೂ ಗೊತ್ತಿತ್ತು. ಅದಕ್ಕೇ ಬೇಕಿತ್ತು. ಆ ಶಾಲೆಯಲ್ಲಿ ನಾನು ನಡೆದು ಹೋದರೆ ಯಾರೂ ತಲೆ ಎತ್ತುತ್ತಿರಲಿಲ್ಲ. ಬೆನ್ನಿನ ಮೇಲೆ ಆ ಸೂರ್ಯ ಇದ್ದ ಜಾಕೆಟ್ ಹಾಕಿಕೊಂಡ ದಿನ ಗೇಟಿನ ಕಾವಲುಗಾರ ಕೂಡ ನೋಡಿದ. ಮತ್ತೆ ಅದು ಚೆಂದ ಇದೆ, ದೊಡ್ಡಮ್ಮ. ನಿಂತಲ್ಲೇ ಓಡುತ್ತಿರುವ ಹಾಗೆ ಕಾಣುತ್ತದೆ. ಯುದ್ಧ ನನಗೆ ಪರದೆಯ ಮೇಲಿನ ಆಟ, ಅಷ್ಟೇ.

ಈಗ ರಾಜಧಾನಿಯ ಬ್ರಿಕ್‌ಫೀಲ್ಡ್ಸ್ ಪೇಟೆಯ ಹಿಂದಿನ ಓಣಿಯಲ್ಲಿ ಒಂದು ನಂಬರ್ ಪ್ಲೇಟ್ ಅಂಗಡಿಯಲ್ಲಿ ಕೆಲಸ ಮಾಡುತ್ತಿದ್ದೇನೆ. ಅಂಗಡಿ ಚಂದ್ರಮ್ಮ ಅವರದ್ದು. ಇಲ್ಲೇ ಹುಟ್ಟಿದ ತೆಲುಗಿನವರು, ವಯಸ್ಸು ಎಂಬತ್ತೊಂದು. ಓಣಿಯವರಿಗೆಲ್ಲ ‘ಪಾಟಿ’, ತಮಿಳಿನಲ್ಲಿ ಅಜ್ಜಿ. ನೀವು ಒಮ್ಮೆ ಅವರ ಕೈ ನೋಡಬೇಕು. ಎಲ್ಲರೂ ಯಂತ್ರದಲ್ಲಿ ಕತ್ತರಿಸುವ ಸ್ಟಿಕರ್ ಅಕ್ಷರವನ್ನು ಅವರು ಬ್ಲೇಡಿನಲ್ಲಿ ಕತ್ತರಿಸುತ್ತಾರೆ. ಅಳತೆಪಟ್ಟಿ ಹಿಡಿದು ನೋಡಿದೆ, ಕೂದಲೆಳೆಯಷ್ಟೂ ವ್ಯತ್ಯಾಸ ಇಲ್ಲ. ಸ್ಟಿಕರ್ ಅಂಟಿಸುವಾಗ ಅಡಿಯಲ್ಲಿ ಗಾಳಿ ಸೇರಿ ಗುಳ್ಳೆ ಏಳಬಾರದು, ಅದೇ ಈ ಕೆಲಸದ ಪರೀಕ್ಷೆ. ಈ ಕೆಲಸದಲ್ಲಿ ಸೋತರೂ ಸಂತೋಷ ಎಂದು ನನಗೆ ಅನ್ನಿಸುವುದು ಇಡೀ ಊರಿನಲ್ಲಿ ಇವರೊಬ್ಬರ ಮುಂದೆ ಮಾತ್ರ. ನಾನು ಬಿಡುವಿನಲ್ಲಿ ಹದಿನಾರು ಕಿರಣದ ಸ್ಟಿಕರ್ ಕತ್ತರಿಸಿ ಬೈಕಿನ ಹುಡುಗರಿಗೆ ಮಾರುತ್ತೇನೆ. ಪಾಟಿ ಏನೂ ಅನ್ನುವುದಿಲ್ಲ.

ಏಳು ವರ್ಷದವನಿದ್ದಾಗಿನಿಂದ ನನ್ನ ಪತ್ರಗಳನ್ನು ಕೆಂಪು ಶಾಯಿಯಲ್ಲಿ ತಿದ್ದಿ ವಾಪಸ್ ಕಳಿಸಿದ್ದೀರಿ. ಇದನ್ನೂ ತಿದ್ದಿ.

ನಿಮ್ಮ,
ಭುವನ್

* * *

ಉಡುಪಿ
3 ಫೆಬ್ರವರಿ 2025

ಭುವನ,

ಟೈಫಾಯ್ಡ್ ಇಲ್ಲವೆಂದು ನನಗೆ ಅಂದೇ ಗೊತ್ತಿತ್ತು. ಟೈಫಾಯ್ಡ್ ಆದವನ ತಾಯಿ ಫೋನಿನಲ್ಲಿ ಗಂಜಿಯ ವಿಷಯ ಮಾತಾಡುತ್ತಾಳೆ. ನಿನ್ನಮ್ಮ ಸೀರೆಯ ವಿಷಯ ಮಾತಾಡಿದಳು.

ನಾನು ಮೂವತ್ತೊಂದು ವರ್ಷ ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿದವಳು. ಎರಡನೇ ಮಹಾಯುದ್ಧಕ್ಕೆ ನಾಲ್ಕು ಪೀರಿಯಡ್ಡು. ಅದರಲ್ಲಿ ಮಲಯಾಕ್ಕೆ, ಅಂದರೆ ಈಗ ನೀನಿರುವ ದೇಶಕ್ಕೆ, ಎರಡು ಸಾಲು: ಜಪಾನ್ ಹಿಡಿಯಿತು; ಅಲ್ಲಿನ ಚೀನೀಯರೂ ಇತರರೂ ಬಹಳ ಮಂದಿ ಸತ್ತರು. ಆ ಎರಡು ಸಾಲನ್ನೂ ‘ಇದು ಪರೀಕ್ಷೆಗೆ ಬರುವುದಿಲ್ಲ’ ಎಂದು ದಾಟಿಸಿದ್ದೇನೆ. ಹಾಗಿರುವಾಗ ನಿನ್ನನ್ನು ಬೈಯುವ ಅರ್ಹತೆ ನನಗಿಲ್ಲ. ಬೈಯುವುದಿಲ್ಲ.

ಒಂದು ಲೆಕ್ಕ ಮಾತ್ರ ಹಾಕಿದೆ. ಎಂಬತ್ತೊಂದು ಅಂದರೆ ಆಕೆ ಯುದ್ಧದ ನಡುವೆ ಹುಟ್ಟಿದವರು. ತೆಲುಗಿನವರು ಅಂದರೆ ಹೆಚ್ಚಾಗಿ ತೋಟದ ಕೂಲಿಗೆ ಹೋದವರ ಮನೆ. ಯಾವ ತೋಟ? ಅವರ ತಂದೆ ಎಲ್ಲಿ? ಕೇಳು. ಕೇಳಿದ್ದನ್ನು ಬರೆ. ನಿನ್ನ ಅಭಿಪ್ರಾಯ ಬೇಡ.

ಜಲಜಾಕ್ಷಿ

* * *

ಸೈಬರ್‌ಜಯಾ
9 ಮಾರ್ಚ್ 2025

ದೊಡ್ಡಮ್ಮನಿಗೆ ನಮಸ್ಕಾರ.

ಕೇಳಿದೆ. ಪಾಟಿ ಮಾತಾಡುವುದು ತಮಿಳು, ತೆಲುಗು, ಮಲಯ ಮೂರನ್ನೂ ಕಲಸಿ, ಮಾತಿನ ಕೊನೆಗೆ ಇಲ್ಲಿಯವರೆಲ್ಲ ಸೇರಿಸುವ ‘ಲಾ’ ಬೇರೆ. ನನಗೆ ಅರ್ಥವಾದ ಹಾಗೆ ಬರೆದಿದ್ದೇನೆ.

ಮಧ್ಯಾಹ್ನ. ಗಿರಾಕಿ ಇರಲಿಲ್ಲ. ಪಾಟಿ ಎದುರಿನ ಅಂಗಡಿಯಿಂದ ಕಟ್ಟಿಸಿಕೊಂಡು ಬಂದ ಅನ್ನದ ಪೊಟ್ಟಣ ಬಿಚ್ಚುತ್ತಿದ್ದರು.

“ಪಾಟಿ, ನಿಮ್ಮಪ್ಪ ಎಲ್ಲಿ?” ಅಂದೆ. ನನಗೆ ಬೇರೆ ಥರ ಕೇಳಲು ಬರಲಿಲ್ಲ.

“ಎಂಬತ್ತೊಂದು ವರ್ಷದವಳ ಹತ್ರ ಅಪ್ಪ ಎಲ್ಲಿ ಅಂತೀಯಲ್ಲೋ. ಹೆಣ್ಣು ಕೇಳೋಕೆ ಬಂದಿದ್ದೀಯಾ?”

“ನಮ್ಮ ದೊಡ್ಡಮ್ಮ ಕೇಳು ಅಂದ್ರು.”

“ಅವಳಿಗೆ ಹೇಳು, ಸಯಾಮಿಗೆ ಹೋದ. ರೈಲು ಹಾಕೋಕೆ.” ಅನ್ನ ಕಲಸುತ್ತಲೇ ಹೇಳಿದರು. “ಇನ್ನೂ ಬಂದಿಲ್ಲ ಲಾ.”

ಸಯಾಮ್ ಅಂದರೆ ಈಗಿನ ಥಾಯ್ಲೆಂಡ್, ಯುದ್ಧಕಾಲದಲ್ಲಿ ಜಪಾನಿನವರು ಅಲ್ಲಿ ರೈಲು ದಾರಿ ಹಾಕಿಸುತ್ತಿದ್ದರು. ಪಾಟಿಯ ಅಪ್ಪನ ಹೆಸರು ಗಂಗಾಧರ. ಪೆರಾಕ್ ಕಡೆ ಸಮುದ್ರದ ಹತ್ತಿರ ಒಂದು ತೆಂಗಿನ ತೋಟದಲ್ಲಿ ಕೂಲಿ. ನಲವತ್ತಮೂರನೇ ಇಸವಿಯಲ್ಲಿ ಜಪಾನಿನ ಸೈನಿಕರು ಬಂದು, ಮೂರು ತಿಂಗಳ ಕೆಲಸ, ಒಳ್ಳೆಯ ಕೂಲಿ, ಅಂದರಂತೆ. ಲಾರಿ ಹತ್ತಿಸಿದರು. ಆಗ ಅವರಮ್ಮ ಬಸುರಿ. ಪಾಟಿ ಡಿಸೆಂಬರಿನಲ್ಲಿ ಹುಟ್ಟಿದರು. ಹೋದವರಲ್ಲಿ ಇಬ್ಬರು ತಿರುಗಿ ಬಂದರು. ಗಂಗಾಧರ ಬರಲಿಲ್ಲ. ಸತ್ತ ಎಂದು ಯಾರೂ ಹೇಳಲಿಲ್ಲ. ಯಾರೂ ಹೇಳದ ಕಾರಣ ಅವರಮ್ಮ ಹಣೆಯ ಕುಂಕುಮ ತೆಗೆಯಲಿಲ್ಲ. ತೊಂಬತ್ತೊಂದರಲ್ಲಿ ಸಾಯುವಾಗಲೂ ಕುಂಕುಮ ಇತ್ತಂತೆ. ತಿಥಿ ಮಾಡಲಿಲ್ಲ. ಆ ಮನುಷ್ಯನ ಹೆಸರು ಒಂದು ಕಾಗದದ ಮೇಲೂ ಇಲ್ಲ, ಕಲ್ಲಿನ ಮೇಲೂ ಇಲ್ಲ.

ನನ್ನ ಹೆಲ್ಮೆಟ್ ಅಲ್ಲೇ ಮೇಜಿನ ಮೇಲಿತ್ತು, ಸೂರ್ಯ ಮೇಲ್ಮುಖವಾಗಿ.

“ಹಾಗಾದ್ರೆ ನನ್ನನ್ನ ಯಾಕೆ ಕೆಲಸಕ್ಕೆ ಇಟ್ಕೊಂಡ್ರಿ? ಬಂದ ದಿನವೇ ಇದು ಹೆಲ್ಮೆಟ್ ಮೇಲಿತ್ತು.”

“ನೋಡಿದೆ. ಗುಂಡು ಹೆಲ್ಮೆಟ್, ಹದಿನಾರು ಕಿರಣ, ಒಂದು ಗುಳ್ಳೆ ಇಲ್ಲ. ಈ ಕೈ ನನಗೆ ಬೇಕು ಅಂದ್ಕೊಂಡೆ. ತಲೆ ಆಮೇಲೆ ಬರುತ್ತೆ ಲಾ.”

“ಬರದಿದ್ರೆ?”

“ಕೈಯಾದ್ರೂ ಇರುತ್ತಲ್ಲ.”

ಆಮೇಲೆ ಅವರು ಹೇಳಿದ್ದನ್ನು ನೀವು ಎರಡು ಸಲ ಓದಬೇಕು. ತೋಟದ ಆಫೀಸಿನ ಮುಂದೆ, ಶಾಲೆಯ ಮುಂದೆ, ಎಲ್ಲ ಕಡೆ ಹಾರಿಸಲು ಜಪಾನಿನವರಿಗೆ ಧ್ವಜ ಬೇಕಿತ್ತು. ಕೂಲಿಗಳ ಸಾಲುಮನೆಯ ಹೆಂಗಸರಲ್ಲಿ ಹೊಲಿಗೆ ಬರುತ್ತಿದ್ದದ್ದು ಅವರಮ್ಮನಿಗೆ. ಅಕ್ಕಿ ಕೊಡುತ್ತೇವೆ ಅಂದರು. ಬಿಳಿ ಬಟ್ಟೆಗೆ ಕೆಂಪು ಸೂರ್ಯ ಕೂರಿಸಿ ಹೊಲಿದು ಕೊಟ್ಟರು. “ಕಿರಣ ಇದ್ದದ್ದು ಸೈನಿಕರ ಧ್ವಜ, ಬರೀ ಸೂರ್ಯ ಇದ್ದದ್ದು ನಮ್ಮಮ್ಮಂದು,” ಅಂದರು ಪಾಟಿ. ಗಂಗಾಧರ ಲಾರಿ ಹತ್ತಿದ ದಿನ ಆಫೀಸಿನ ಮುಂದೆ ಹಾರುತ್ತಿದ್ದದ್ದು ಅವರ ಹೆಂಡತಿಯೇ ಹೊಲಿದ ಧ್ವಜ.

“ಗುಂಡಗೆ ಹೊಲಿಯೋದು ಕಷ್ಟ ಕಣೋ. ಅಂಚು ಸುರುಟುತ್ತೆ. ನಮ್ಮಮ್ಮನ ಸೂರ್ಯ ಸುರುಟುತ್ತಿರಲಿಲ್ಲ. ‘ಚೆಂದ ಬಂದಿತ್ತು, ಹಾಳಾದ್ದು’ ಅಂತ ಸಾಯೋ ತನಕ ಹೇಳ್ತಿದ್ಲು. ಕೆಟ್ಟದಾಗಿ ಹೊಲಿದಿದ್ರೆ ಅವಳಿಗೆ ಸ್ವಲ್ಪ ನಿದ್ದೆ ಬರ್ತಿತ್ತೋ ಏನೋ.”

ಅಷ್ಟು ಹೇಳಿ ಕೈ ತೊಳೆದು ಬಂದು ಒಂದು ಟ್ಯಾಕ್ಸಿಯ ಪ್ಲೇಟ್ ಎತ್ತಿಕೊಂಡರು.

ನಾನು ಹೆಲ್ಮೆಟ್ ಮೇಲಿನದ್ದನ್ನು ಕಿತ್ತೆ. ಆಮೇಲೆ ಬಿಸಿಗಾಳಿಯ ಯಂತ್ರ ಹಿಡಿದು ಬೈಕಿನ ಮುಂಭಾಗದ್ದನ್ನೂ ತೆಗೆದೆ. ತೆಗೆದು ನೋಡಿದರೆ ಸೂರ್ಯ ಅಲ್ಲೇ ಇದ್ದಾನೆ. ಎರಡು ವರ್ಷ ಬಿಸಿಲಿಗೆ ಸುತ್ತಲಿನ ನೀಲಿ ಮಾಸಿದೆ, ಸ್ಟಿಕರಿನ ಅಡಿಯ ನೀಲಿ ಹೊಸದಾಗೇ ಉಳಿದಿದೆ. ಹದಿನಾರು ಕಿರಣವೂ ಎಣಿಸುವ ಹಾಗೆ. ಸೀಮೆಎಣ್ಣೆ ಹಾಕಿ ಉಜ್ಜಿದೆ, ಪಾಲಿಶ್ ಹಚ್ಚಿದೆ, ಆಗಲಿಲ್ಲ. ಪಾಟಿ ಬಾಗಿಲಲ್ಲಿ ನಿಂತು ನಕ್ಕರು. “ಉಜ್ಜಿದ್ರೆ ಹೋಗಲ್ಲ. ಬಿಸಿಲಲ್ಲಿ ನಿಲ್ಲಿಸು. ತಾನಾಗೇ ಒಂದಾಗುತ್ತೆ.”

“ಎಷ್ಟು ದಿನ ಬೇಕು?”

“ನನಗೇನು ಗೊತ್ತು? ನಾನು ಅಂಟಿಸೋಳು.”

ಪಾಪ ಮುದುಕಿ. ಇಷ್ಟೇ ಬರೆಯಲು ಸಾಧ್ಯವಾಯಿತು.

ನಿಮ್ಮ,
ಭುವನ್

* * *

ಉಡುಪಿ
2 ಏಪ್ರಿಲ್ 2025

ಭುವನ,

ಎರಡಲ್ಲ, ನಾಲ್ಕು ಸಲ ಓದಿದೆ. ನಿನ್ನ ಪತ್ರವನ್ನು ಇದರ ಜೊತೆ ವಾಪಸ್ ಕಳಿಸುತ್ತಿದ್ದೇನೆ. ಒಂದೇ ಕಡೆ ಕೆಂಪು ಶಾಯಿ ಇದೆ. ‘ಪಾಪ ಮುದುಕಿ’ ಎಂಬುದನ್ನು ಹೊಡೆದು ಹಾಕಿದ್ದೇನೆ. ನೀನು ಬರೆದ ಹೆಂಗಸಿನಲ್ಲಿ ‘ಪಾಪ’ ಎನ್ನುವಂಥದ್ದು ನನಗೆ ಎಲ್ಲೂ ಕಾಣಲಿಲ್ಲ.

ನಿನ್ನ ಬೈಕಿನದ್ದು ತೆಗೆದೆ, ಸರಿ. ಮಾರಿದ್ದು?

ಜಲಜಾಕ್ಷಿ

* * *

ಸೈಬರ್‌ಜಯಾ
15 ಜೂನ್ 2025

ದೊಡ್ಡಮ್ಮನಿಗೆ ನಮಸ್ಕಾರ.

ನಿಮ್ಮ ‘ಮಾರಿದ್ದು?’ ಎಂಬ ಒಂದು ಪದಕ್ಕೆ ಎರಡು ತಿಂಗಳು ಓಡಾಡಿದೆ. ಅದಕ್ಕೇ ಪತ್ರ ತಡವಾಯಿತು.

ಯಾರ್‍ಯಾರಿಗೆ ಮಾರಿದೆ ಎಂದು ನೆನಪಿರುವಷ್ಟು ಜನರನ್ನು ಹುಡುಕಿದೆ. ಪುಕ್ಕಟೆ ತೆಗೆದು ಬೇರೆ ಏನು ಬೇಕೋ ಅಂಟಿಸಿಕೊಡುತ್ತೇನೆ ಅಂದೆ. ಹೆಚ್ಚಿನವರು ನಕ್ಕರು. ಒಬ್ಬ ಬೈಕು ಕೊಡಲಿಲ್ಲ, ಬೈಗುಳ ಕೊಟ್ಟ. ಊಟ ತಲುಪಿಸುವ ಸುಮಂತ ಎಂಬುವನು ಕಥೆ ಪೂರ್ತಿ ಕೇಳಿ, “ಪಾಪ ಲಾ, ಆದ್ರೆ ನನ್ನ ಬೈಕಿಗೆ ಇದೇ ಸೂಟ್ ಆಗೋದು,” ಅಂದ. ಅವನ ಮೇಲೆ ಕೋಪ ಬರಲಿಲ್ಲ. ನಾಲ್ಕು ತಿಂಗಳ ಹಿಂದೆ ನಾನೂ ಅದನ್ನೇ ಅನ್ನುತ್ತಿದ್ದೆ.

ಅನೀಶನನ್ನು ನಿಲಾಯ್‌ನಲ್ಲಿ ಅವನ ಯೂನಿವರ್ಸಿಟಿ ಹತ್ತಿರದ ಮಾಮಾಕ್‌ನಲ್ಲಿ, ಅಂದರೆ ತಮಿಳು ಮುಸ್ಲಿಮರ ಟೀ ಅಂಗಡಿಯಲ್ಲಿ, ಕಂಡೆ. ಶಾಲೆ ಬಿಟ್ಟ ಮೇಲೆ ನಾವು ಸರಿಯಾಗಿ ಮಾತಾಡಿರಲಿಲ್ಲ. ಟೀ ಬರುವ ಮೊದಲೇ ಶುರು ಮಾಡಿದ.

“ಏನೋ ಮಾರಾಯ, ಸನ್ಯಾಸಿ ಆದ್ಯಂತೆ? ಊರೆಲ್ಲ ಸ್ಟಿಕರ್ ಕೀಳ್ತಾ ಇದ್ದೀಯಂತೆ?”

“ನಿನ್ನದ್ದೂ ಕೀಳೋಕೆ ಬಂದೆ.”

“ಅಂದೇ ಸಾರಿ ಬರೆದಿದ್ದಿದ್ರೆ ಈಗ ನನ್ನ ಜೊತೆ ಕ್ಲಾಸಲ್ಲಿ ಇರ್ತಿದ್ದೆ.”

“ನೀನು ಬರೆದೆ. ಬೈಕಲ್ಲಿ ಇನ್ನೂ ಅದೇ ಇದೆ.”

“ಡಿಸೈನ್ ಕಣೋ. ಬರೀ ಡಿಸೈನ್. ಯಾರೋ ಯಾವಾಗಲೋ ಏನೋ ಮಾಡಿದ್ರೆ ನಾವೇನು ಮಾಡೋದು?”

“ಚೆಂದದ ಡಿಸೈನ್. ಇಲ್ಲ ಅನ್ನಲ್ಲ.” ಗಂಗಾಧರನ ಹೆಂಡತಿ ಸೂರ್ಯ ಹೊಲಿದದ್ದನ್ನು ಹೇಳಿದೆ. ಅವನು ಚಮಚದಿಂದ ಟೀ ತಿರುಗಿಸುತ್ತಲೇ ಇದ್ದ. ಸಕ್ಕರೆ ಯಾವಾಗಲೋ ಕರಗಿತ್ತು.

“ನಾನು ಏನು ಬರೆದೆ ಅಂತಲೂ ನೆನಪಿಲ್ಲ,” ಅಂದ ಕೊನೆಗೆ. “ಅವತ್ತು ಪಕ್ಕದಲ್ಲಿ ಕೂತಿದ್ದ ಕೀರ್ತಿರಾಜ್ ಬರೆದದ್ದನ್ನ ಕಾಪಿ ಹೊಡೆದೆ. ಅವನ ಹೆಸರನ್ನೂ ಕಾಪಿ ಹೊಡೆದು ಆಮೇಲೆ ಅಳಿಸಿದೆ.” ಇಬ್ಬರೂ ನಕ್ಕೆವು. ಬೈಕಿನ ಕೀಲಿಯನ್ನು ಮೇಜಿನ ಮೇಲೆ ತಳ್ಳಿದ. “ಗೀರು ಬಿದ್ರೆ ನೋಡು.”

ಗೀರು ಬೀಳಲಿಲ್ಲ. ಆದರೆ ಅವನದ್ದರಲ್ಲೂ ನೆರಳು ಉಳಿದಿದೆ. ಒಟ್ಟು ಒಂಬತ್ತು ಬೈಕು. ಅಷ್ಟೇ ಆಯಿತು, ದೊಡ್ಡಮ್ಮ. ಮಾರಿದ್ದು ಅದಕ್ಕಿಂತ ಬಹಳ ಹೆಚ್ಚು.

ಇನ್ನೊಂದು ವಿಷಯ. ಇದಕ್ಕೆ ನಿಮ್ಮ ಸಹಾಯ ಬೇಕು.

ಹೋದ ವಾರ ಪಾಟಿ ಕೇಳಿದರು: “ನಿನಗೆ ಪಾಸ್‌ಪೋರ್ಟ್ ಇದೆಯೇನೋ?” ಇದೆ ಅಂದೆ. “ನನಗೂ ಮಾಡಿಸು. ಸಯಾಮಿಗೆ ಹೋಗಬೇಕು. ಒಬ್ಬಳೇ ಹೋದ್ರೆ ಚೀಲ ಹಿಡಿಯೋರಿಲ್ಲ.”

ಅವರ ಮಗಳು ಸ್ವರ್ಣಲತಾ ಅಕ್ಕ ಪೆನಾಂಗಿನಲ್ಲಿ ನರ್ಸ್. ವರ್ಷವರ್ಷವೂ ಕರೆದುಕೊಂಡು ಹೋಗುತ್ತೇನೆ ಅಂದರೂ ಪಾಟಿ ಬೇಡ ಅನ್ನುತ್ತಿದ್ದರಂತೆ. ಅಲ್ಲಿ ಅದೇ ರೈಲು ದಾರಿ ಹಾಕುತ್ತಾ ಸತ್ತ ಬಿಳಿಯ ಸೆರೆಸೈನಿಕರಿಗೆ ಒಬ್ಬೊಬ್ಬರ ಹೆಸರು ಬರೆದ ಕಲ್ಲುಗಳು ಸಾಲಾಗಿ ಇವೆ, ತೋಟದಿಂದ ಹೋದ ಕೂಲಿಗಳಿಗೆ ಹಾಗೆ ಹೆಸರಿನ ಕಲ್ಲುಗಳಿಲ್ಲ. “ಯಾರದ್ದೋ ಹೆಸರು ನೋಡೋಕೆ ಅಷ್ಟು ದೂರ ಯಾಕೆ?” ಎನ್ನುತ್ತಿದ್ದರಂತೆ. ಈಗ ಏನಾಯಿತು ಎಂದು ಕೇಳಿದೆ. “ಈಗ ನೀನು ಇದ್ದೀಯಲ್ಲ. ಕಲ್ಲು ಕೆತ್ತೋಕೆ ನನಗೆ ಬರಲ್ಲ. ನನಗೆ ಬರೋದು ಒಂದೇ,” ಎಂದು ಒಂದು ಕಪ್ಪು ಹಲಗೆ ತೆಗೆದು ಮೇಜಿನ ಮೇಲಿಟ್ಟರು. ಇಲ್ಲಿ ನಂಬರ್ ಪ್ಲೇಟ್ ಅಂದರೆ ಕಪ್ಪಿನ ಮೇಲೆ ಬಿಳಿ ಅಕ್ಷರ. ಅದೇ ಅಳತೆಯ ಪ್ಲೇಟಿನಲ್ಲಿ ಅಪ್ಪನ ಹೆಸರು ಬರೆಸಿ, ಆ ರೈಲು ದಾರಿಯ ಪಕ್ಕದಲ್ಲಿ ಎಲ್ಲಾದರೂ ಇಟ್ಟು ಬರಬೇಕಂತೆ.

ಅವರಪ್ಪನಿಗೆ ಓದಲು ಗೊತ್ತಿದ್ದದ್ದು ತೆಲುಗು, ಹಾಗಾಗಿ ಹೆಸರು ತೆಲುಗಿನಲ್ಲೇ ಇರಬೇಕು. ಪಾಟಿಗೆ ತೆಲುಗು ಓದಲು ಬರುವುದಿಲ್ಲ. ಶಾಲೆಗೇ ಹೋಗಿಲ್ಲ, ಇಂಗ್ಲಿಷ್ ಅಕ್ಷರಗಳನ್ನೂ ಪ್ಲೇಟ್ ಕತ್ತರಿಸಿ ಕತ್ತರಿಸಿಯೇ ಕಲಿತರು. “ನನಗೂ ಶಾಲೆ ಇಲ್ಲ, ನಿನಗೂ ಇಲ್ಲ, ಒಳ್ಳೆ ಅಂಗಡಿ ಲಾ!” ಎಂದು ನಕ್ಕರು. ನಾನು ಕನ್ನಡದಲ್ಲಿ ‘ಗಂಗಾಧರ’ ಎಂದು ಬರೆದು ತೋರಿಸಿದೆ. ಬಹಳ ಹೊತ್ತು ನೋಡಿದರು. “ಅಮ್ಮನ ಪೆಟ್ಟಿಗೆಯಲ್ಲಿದ್ದ ತೆಲುಗು ಪುಸ್ತಕದ ಅಕ್ಷರವೂ ಹೀಗೇ ಇತ್ತು. ಆದ್ರೂ ಇದಲ್ಲ. ಸರಿಯಾಗಿ ಬರೆಸು,” ಅಂದರು. ತೆಲುಗು ಬಲ್ಲವರ ಕೈಯಲ್ಲಿ ದೊಡ್ಡ ಅಕ್ಷರದಲ್ಲಿ ಬರೆಸಿ ಕಳಿಸುತ್ತೀರಾ? ಫೋನಿನಲ್ಲಿ ಸಿಗುವ ಅಕ್ಷರ ಬೇಡ. ಮನುಷ್ಯರ ಕೈಯಿಂದ ಬಂದದ್ದೇ ಬೇಕು ಎಂದು ಪಾಟಿಯ ಆಜ್ಞೆ.

ನಿಮ್ಮ,
ಭುವನ್

* * *

ಉಡುಪಿ
8 ಜುಲೈ 2025

ಭುವನ,

ನಮ್ಮ ಬೀದಿಯ ಬ್ಯಾಂಕಿಗೆ ಹೊಸದಾಗಿ ಬಂದ ಮ್ಯಾನೇಜರ್ ನೆಲ್ಲೂರಿನ ಹೆಣ್ಣುಮಗಳು. ಕೌಂಟರಿನಲ್ಲಿ ಸಾಲು ನಿಂತಿರುವಾಗ ಹೋಗಿ, ಒಂದು ಹೆಸರು ಬರೆದುಕೊಡಿ ಅಂದೆ. ಯಾವ ಖಾತೆಗೆ ಎಂದು ಕೇಳಿದರು. ಯಾರ ಹೆಸರು, ಯಾಕೆ ಎಂದು ಹೇಳಿದೆ. ಆಕೆ ಪೆನ್ನು ಕೆಳಗಿಟ್ಟು, ಇಲ್ಲಿ ಬೇಡ, ಮನೆಗೆ ಬರುತ್ತೇನೆ ಅಂದರು. ಭಾನುವಾರ ಮಿಂದು ಬಂದು ನಮ್ಮ ಊಟದ ಮೇಜಿನ ಮೇಲೆ ಬರೆದುಕೊಟ್ಟರು. ಮೂರು ಹಾಳೆ ಹರಿದರು. ನಾಲ್ಕನೆಯದು ಇದರ ಜೊತೆಗಿದೆ. ಮಡಚದೆ ರಟ್ಟಿನ ನಡುವೆ ಇಟ್ಟಿದ್ದೇನೆ.

ಶಾಲೆಗೆ ಪತ್ರ ಬರೆದೆಯಾ ಎಂದು ನಾನು ಕೇಳುವುದಿಲ್ಲ. ನಿನ್ನಮ್ಮ ಕೇಳುತ್ತಾಳೆ, ಅದು ಅವಳ ಕೆಲಸ. ಅನ್ನಿಸದೆ ಬರೆಯಲಾರೆ ಎಂದು ಹೊರಗೆ ನಿಂತವನ ಮೇಲೆ ನನಗೆ ಜನವರಿಯಲ್ಲೇ ಸ್ವಲ್ಪ ಗೌರವ ಹುಟ್ಟಿತ್ತು. ಅದನ್ನು ನಾನು ಆಗಲೇ ಹೇಳಿದ್ದರೆ ನಿನಗೆ ತಲೆಗೆ ಏರುತ್ತಿತ್ತು.

ಆ ಚಂದ್ರಮ್ಮನವರಿಗೆ ನನ್ನ ನಮಸ್ಕಾರ ತಿಳಿಸು. ನಾನು ದಾಟಿಸಿದ ಆ ಎರಡು ಸಾಲಿನೊಳಗೆ ಅವರಿದ್ದರು ಎಂದೂ ಹೇಳು.

ಜಲಜಾಕ್ಷಿ

* * *

ಸೈಬರ್‌ಜಯಾ
22 ಆಗಸ್ಟ್ 2025

ದೊಡ್ಡಮ್ಮನಿಗೆ ನಮಸ್ಕಾರ.

ಪ್ಲೇಟ್ ಆಯಿತು. ಆ ಅಕ್ಕನ ಅಕ್ಷರಗಳನ್ನು ಬಿಳಿ ಹಾಳೆಗೆ ಇಳಿಸಿ ಪಾಟಿ ತಾವೇ ಕತ್ತರಿಸುತ್ತಾರೆ ಎಂದುಕೊಂಡಿದ್ದೆ. ಬ್ಲೇಡನ್ನು ನನ್ನ ಕೈಗೆ ಕೊಟ್ಟರು. ನಾನು ಬೇಡ ಅಂದೆ. “ನನ್ನ ಕೈ ಅವನನ್ನ ಕಂಡೇ ಇಲ್ಲ, ನಿನ್ನ ಕೈಯೂ ಕಂಡಿಲ್ಲ. ಇಬ್ಬರೂ ಒಂದೇ. ಕತ್ತರಿಸು.”

ನಾಲ್ಕು ಅಕ್ಷರಕ್ಕೆ ಇಡೀ ಬೆಳಿಗ್ಗೆ ಬೇಕಾಯಿತು. ಅಂಟಿಸಿ ನೋಡಿದರೆ ಮೂರನೆಯ ಅಕ್ಷರದ ಹೊಟ್ಟೆಯಲ್ಲಿ ಒಂದು ಗುಳ್ಳೆ. ಸಾಸಿವೆಯಷ್ಟು. ಹೆಲ್ಮೆಟ್ ಮೇಲೆ ಒಂದೂ ಬಂದಿರಲಿಲ್ಲ, ಇಲ್ಲಿ ಬಂತು. ಸೂಜಿ ತೆಗೆದುಕೊಂಡು ಚುಚ್ಚಲು ಹೋದೆ. ಪಾಟಿ ನನ್ನ ಮಣಿಕಟ್ಟು ಹಿಡಿದರು.

“ಬಿಡು.”

“ಕೆಲಸ ಕೆಟ್ಟಿತು ಪಾಟಿ. ಮತ್ತೆ ಮಾಡ್ತೀನಿ.”

“ಕೆಟ್ಟಿಲ್ಲ. ತಲೆ ಬಂದ್ರೆ ಕೈ ಸ್ವಲ್ಪ ನಡುಗುತ್ತೆ ಲಾ.”

ಆಮೇಲೆ ಹೆಬ್ಬೆರಳಿನಿಂದ ಹೆಸರಿನ ಮೇಲೆ ಒಂದು ತುದಿಯಿಂದ ಇನ್ನೊಂದು ತುದಿಗೆ ಒತ್ತಿದರು, ಪ್ರತಿ ಪ್ಲೇಟಿಗೂ ಕೊನೆಯಲ್ಲಿ ಒತ್ತುವ ಹಾಗೆ. ಗುಳ್ಳೆಯನ್ನು ಮಾತ್ರ ಮುಟ್ಟಲಿಲ್ಲ. ನಿಮ್ಮ ಎರಡು ಸಾಲಿನ ಮಾತು ಹೇಳಿದೆ. “ಎರಡು ಸಾಲಾದ್ರೂ ಇದ್ವಲ್ಲ,” ಅಂದರು.

ನಿನ್ನೆ ನಿಲಾಯ್‌ಗೆ ಹೋಗಿ ಇತಿಹಾಸದ ಮಿಸ್‌ಗೆ ಪತ್ರ ಕೊಟ್ಟೆ. ಪ್ರಿನ್ಸಿಪಾಲರಿಗಲ್ಲ. ಪ್ರಿನ್ಸಿಪಾಲರು ಆ ದಿನ ಕುರ್ಚಿಯಲ್ಲಿ ಕೂತಿರಲಿಲ್ಲ. ಮೂರು ಸಾಲು: ಗೋಡೆಯ ಮೇಲೆ ಬರೆದವನು ನಾನು. ಅದು ನೋಡಿದವರಿಗೆ ಏನು ಮಾಡುತ್ತದೆ ಎಂದು ಆಗ ತಿಳಿದುಕೊಳ್ಳಲಿಲ್ಲ, ಈಗ ಒಬ್ಬರಿಂದ ತಿಳಿದಿದೆ. ಕ್ಷಮಿಸಿ.

ಓದಿದರು. “ಎರಡು ವರ್ಷ ತಡ,” ಅಂದರು.

“ಹೌದು ಮಿಸ್.”

ನೀರು ಕುಡಿಯುತ್ತೀಯಾ ಎಂದು ಕೇಳಿದರು. ಕುಡಿದೆ. ತರಗತಿಗೆ ಮತ್ತೆ ಬರುತ್ತೀಯಾ ಎಂದು ಅವರು ಕೇಳಲಿಲ್ಲ, ನಾನೂ ಹೇಳಲಿಲ್ಲ. ಅದು ನನಗೇ ಇನ್ನೂ ಗೊತ್ತಿಲ್ಲ.

ಬೈಕಿನ ಮೇಲಿನ ಸೂರ್ಯ ಅರ್ಧ ಮಾಸಿದ್ದಾನೆ. ದಿನವೂ ಅಂಗಡಿಯ ಮುಂದೆ ಬಿಸಿಲಲ್ಲೇ ನಿಲ್ಲಿಸುತ್ತೇನೆ. ಕಿರಣಗಳು ಈಗ ಓರೆಯಾಗಿ ನೋಡಿದರೆ ಮಾತ್ರ ಕಾಣುತ್ತವೆ. ನಾನು ಓರೆಯಾಗಿ ನೋಡುವುದನ್ನು ಬಿಟ್ಟಿಲ್ಲ.

ಸಯಾಮಿನ ದಾರಿಗೆಂದು ಅಮ್ಮ ಮೊಸರನ್ನ ಕಟ್ಟುತ್ತಿದ್ದಾಳೆ, ಗಡಿ ದಾಟುವಷ್ಟರಲ್ಲಿ ಹಳಸುತ್ತದೆ ಎಂದರೂ ಕೇಳುವುದಿಲ್ಲ. ಅಪ್ಪ ಡೇಟಾ ಸೆಂಟರಿಗೆ ಅರ್ಧ ದಿನ ರಜೆ ಹಾಕಿದ್ದಾರೆ, ಸ್ಟೇಷನ್ನಿಗೆ ಬಿಡಲು. ಸ್ವರ್ಣಲತಾ ಅಕ್ಕ ಪೆನಾಂಗಿಗೆ ಹತ್ತಿರದ ಬಟರ್‌ವರ್ತ್ ಸ್ಟೇಷನ್ನಿನಲ್ಲಿ ಹತ್ತುತ್ತಾರೆ. ಪಾಟಿಯ ಹೊಸ ಪಾಸ್‌ಪೋರ್ಟ್ ನನ್ನ ಚೀಲದಲ್ಲಿದೆ. ಪ್ಲೇಟ್ ಅವರ ಚೀಲದಲ್ಲಿದೆ, ಎರಡು ಸೀರೆಗಳ ನಡುವೆ. ಅದನ್ನು ಮಾತ್ರ ನನಗೆ ಹೊರಲು ಕೊಡುವುದಿಲ್ಲವಂತೆ.

ನಾಳೆ ಬೆಳಿಗ್ಗೆ ಎಂಟು ಗಂಟೆಯ ರೈಲಿಗೆ ಹೊರಡುತ್ತೇವೆ.

ನಿಮ್ಮ,
ಭುವನ್